‘ಹಾರಾನೊ ಸುರ್’ ಬಗ್ಗೆ ಬರೆಯುತ್ತಿರುವ ಸಹನಾಗೆ

ಪ್ರಿಯ ಸಹನಾ,

ನಿನ್ನ ಕರಡಿನಲ್ಲಿ ಮುಕ್ಕಾಲು ಪಾಲು ಕಥೆಯೇ ತುಂಬಿದೆ. ಉಳಿದದ್ದು ‘ಅಮರ ಪ್ರೇಮ’, ‘ಕಣ್ಣೀರ ಕೋಡಿ’. 1957ರ ಈ ಚಿತ್ರವನ್ನು ಬಂಗಾಳಿಗಳು ಇವತ್ತಿಗೂ ಯಾಕೆ ಹಚ್ಚಿಕೊಂಡಿದ್ದಾರೆ ಎಂಬುದು ಮಾತ್ರ ಎಲ್ಲೂ ಇಲ್ಲ. ಕಥೆ ನಾಲ್ಕು ಸಾಲಿಗೆ ಇಳಿಯಲಿ. ರೈಲು ಅಪಘಾತದಲ್ಲಿ ನೆನಪು ಕಳೆದುಕೊಂಡ ಅಲೋಕ್‌ಗೆ ಚಿಕಿತ್ಸೆ ಕೊಡುವ ಡಾಕ್ಟರ್ ರಮಾ ಅವನನ್ನೇ ಮದುವೆಯಾಗುತ್ತಾಳೆ. ಇನ್ನೊಂದು ಅಪಘಾತದಲ್ಲಿ ಹಳೆಯ ನೆನಪು ಮರಳುತ್ತದೆ, ಹೆಂಡತಿ ಮರೆತುಹೋಗುತ್ತಾಳೆ. ಅವನ ಕಲ್ಕತ್ತೆಯ ಮನೆಗೇ ಅವಳು ಮಗುವನ್ನು ನೋಡಿಕೊಳ್ಳುವ ಕೆಲಸಕ್ಕೆ ಸೇರುತ್ತಾಳೆ. ಇಷ್ಟು ಸಾಕು.

ಇನ್ನು ಚಿತ್ರದ ಉತ್ತರಾರ್ಧ ಹಾಕಿಕೊಂಡು ಕೂರು. ಹಾಳೆಯ ನಡುವೆ ಗೆರೆ ಎಳೆದು, ಒಂದೊಂದು ದೃಶ್ಯದಲ್ಲೂ ಯಾರಿಗೆ ಏನು ಗೊತ್ತು, ಯಾರಿಗೆ ಗೊತ್ತಿಲ್ಲ ಎಂದು ಗುರುತು ಮಾಡು. ರಮಾಗೆ ಗೊತ್ತು, ನಮಗೂ ಗೊತ್ತು, ಅಲೋಕ್‌ಗೆ ಮಾತ್ರ ಗೊತ್ತಿಲ್ಲ. ಹಾಗಾಗಿಯೇ ಅವನು ಯಜಮಾನನ ಗತ್ತಿನಲ್ಲಿ ಆಡುವ ಸಾಧಾರಣ ಮಾತೂ ನಮಗೆ ಚುಚ್ಚುತ್ತದೆ. ಆದರೆ ಈ ಜಾತಿಯ ಚಿತ್ರಗಳು ಕೆಡುವುದೂ ಇಲ್ಲಿಯೇ: ‘ಬಾಯಿಬಿಟ್ಟು ಹೇಳಬಾರದೆ?’ ಎಂದು ಪ್ರೇಕ್ಷಕ ರೇಗಿದರೆ ಕಥೆ ಮುಗಿಯಿತು. ರಮಾಳ ಮೌನಕ್ಕೆ ಕಾರಣ ಗಟ್ಟಿಯಾಗಿದೆ. ಹೇಳಿದರೆ ಅವನು ನಂಬಿಯಾನು, ನೆನಪು ಬಂದೀತೆ? ಅವಳಿಗೆ ಬೇಕಾದದ್ದು ಒಪ್ಪಿಕೊಳ್ಳುವ ಗಂಡನಲ್ಲ.

ಈ ಕಥೆಯ ಮೂಲವಾದ ಜೇಮ್ಸ್ ಹಿಲ್ಟನ್‌ನ 1941ರ ಕಾದಂಬರಿ ‘ರ‍್ಯಾಂಡಮ್ ಹಾರ್ವೆಸ್ಟ್’ ನಾಯಕ ಮರೆತ ಹೆಂಡತಿ ಯಾರೆಂಬುದನ್ನು ಕೊನೆಯವರೆಗೂ ಓದುಗರಿಂದ ಬಚ್ಚಿಡುತ್ತದೆ. ಮುಖ ಕಾಣುವ ತೆರೆಯ ಮೇಲೆ ಆ ಆಟ ನಡೆಯದು. ಅದನ್ನು ಆಧರಿಸಿದ 1942ರ ಹಾಲಿವುಡ್ ಚಿತ್ರ ಗುಟ್ಟನ್ನು ನಮ್ಮ ಕೈಗೇ ಕೊಟ್ಟಿತು, ಬಂಗಾಳಿ ಚಿತ್ರ ಅದೇ ದಾರಿ ಹಿಡಿಯಿತು. ಅಲ್ಲಿನ ಯುದ್ಧ ಇಲ್ಲಿಲ್ಲ, ಅಲ್ಲಿನ ರಂಗನಟಿ ಇಲ್ಲಿ ಡಾಕ್ಟರ್. ನೀನು ‘ತ್ಯಾಗಮಯಿ’ ಎಂದು ಕೈತೊಳೆದುಕೊಂಡಿದ್ದೀಯ. ರೋಗಿಯನ್ನು ಮದುವೆಯಾಗಲು ತಾನೇ ತೀರ್ಮಾನಿಸಿದ ವೈದ್ಯೆ ಆಮೇಲೆ ಮಗು ಆಡಿಸಲು ಬರಬೇಕಾಯಿತಲ್ಲ, ಅದನ್ನು ಕೆದಕು. ನನಗಂತೂ ಅದು ಇಂದಿಗೂ ಕಿರಿಕಿರಿಯೇ.

ನಿರ್ದೇಶಕ ಅಜಯ್ ಕರ್ ಮೊದಲು ಛಾಯಾಗ್ರಾಹಕರು. ಒಮ್ಮೆ ಧ್ವನಿ ಆರಿಸಿ, ರಮಾ ಪಾತ್ರದ ಸುಚಿತ್ರಾ ಸೇನ್ ಮುಖದ ಮೇಲೆ ಬೆಳಕು ಎಲ್ಲಿಂದ ಬೀಳುತ್ತದೆ ನೋಡು. (ಸುಚಿತ್ರಾರ ಹುಟ್ಟುಹೆಸರೂ ರಮಾ.) ಸಂಗೀತ ಹೇಮಂತ ಮುಖರ್ಜಿಯವರದು, ಸರಿ. ‘ತುಮಿ ಜೆ ಆಮಾರ್’ ಹಾಡಿದವರು ಸಂಧ್ಯಾ ಮುಖರ್ಜಿ ಅಲ್ಲ, ಗೀತಾ ದತ್. ಸುಚಿತ್ರಾಗೆ ಸಂಧ್ಯಾ ಬಹಳ ಹಾಡಿರುವುದರಿಂದ ಈ ತಪ್ಪು ಸುಲಭವಾಗಿ ನುಸುಳುತ್ತದೆ.

ಜನಪ್ರಿಯತೆಯನ್ನು ಒಂದೇ ಚಿತ್ರದ ತಲೆಗೆ ಕಟ್ಟಬೇಡ. ಅಲೋಕ್ ಆಗಿ ನಟಿಸಿದ ಉತ್ತಮ್ ಕುಮಾರ್ ಮತ್ತು ಸುಚಿತ್ರಾ ಜೋಡಿ 1953ರಿಂದ 1975ರವರೆಗೆ ಸುಮಾರು ಮೂವತ್ತು ಚಿತ್ರ ಮಾಡಿತು. ಉತ್ತಮ್ 1980ರಲ್ಲಿ, ಇನ್ನೂ ನಟಿಸುತ್ತಿರುವಾಗಲೇ ತೀರಿಕೊಂಡರು. ಸುಚಿತ್ರಾ 1970ರ ದಶಕದ ಕೊನೆಗೆ ಮನೆಯೊಳಗೆ ಸೇರಿದವರು 2014ರಲ್ಲಿ ಸಾಯುವವರೆಗೆ ಜನರ ಕಣ್ಣಿಗೆ ಬಿದ್ದದ್ದೇ ಅಪರೂಪ. ಬಂಗಾಳ ಅವರ ಮುಪ್ಪನ್ನು ನೋಡಲಿಲ್ಲ ಎಂದೇ ಹೇಳಬೇಕು.

ದೇಶ ವಿಭಜನೆಯ ಪ್ಯಾರಾ ತೆಗೆ. ಚಿತ್ರದ ಯಾವ ದೃಶ್ಯ ಅದನ್ನು ಹೇಳುತ್ತದೆಂದು ತೋರಿಸಬಲ್ಲೆಯಾದರೆ ಮಾತ್ರ ಇರಲಿ.

ಇಂತಿ,
ನಿನ್ನ ಮೇಷ್ಟ್ರು