ಸಿಕ್ಕ ಸಾಕುನಾಯಿಯ ಮನೆ ಹತ್ತಿರದಲ್ಲೇ ಇರುತ್ತದೆ

ಮಾನ್ಯ ಸಂಪಾದಕರೇ,

ದೀಪಾವಳಿಯ ಪಟಾಕಿ ಸದ್ದಿಗೆ ಬೆದರಿ ಮನೆಯಿಂದ ಓಡಿಹೋಗುವ ಸಾಕುನಾಯಿಗಳು ಮುಂಬಯಿಯ ಉಪನಗರಗಳಲ್ಲಿ ಪ್ರತಿ ವರ್ಷವೂ ದಿಕ್ಕು ತಪ್ಪಿ ಅಲೆಯುತ್ತವೆ. ಕಂಡವರು ಮರುಗಿ ಅನ್ನ ನೀರು ಕೊಡುತ್ತಾರೆ. ಆದರೆ ‘ಯಾರೋ ಬೇಡವೆಂದು ಬಿಟ್ಟುಹೋಗಿರಬೇಕು’ ಎಂದು ತಾವೇ ತೀರ್ಮಾನಿಸಿ, ಎರಡು ಮೂರು ದಿನಗಳಲ್ಲೇ ಅದನ್ನು ದೂರದ ಪರಿಚಯದವರಿಗೆ ಸಾಕಲು ಕೊಟ್ಟುಬಿಡುವುದನ್ನು ನಾನು ಮತ್ತೆ ಮತ್ತೆ ಕಾಣುತ್ತಿದ್ದೇನೆ. ಒಳ್ಳೆಯ ಮನಸ್ಸಿನಿಂದ ಮಾಡಿದರೂ ಇದು ಇನ್ನೊಂದು ಮನೆಯವರ ಪಾಲಿಗೆ ದೊಡ್ಡ ಅನ್ಯಾಯ.

ಕಳೆದ ವರ್ಷ ಡೊಂಬಿವಲಿ ಪೂರ್ವದ ನಮ್ಮ ಕಟ್ಟಡಕ್ಕೆ ಕಂದು ಬಣ್ಣದ ನಾಯಿಯೊಂದು ನುಗ್ಗಿ ಬಂತು. ಕೊರಳಲ್ಲಿ ಪಟ್ಟಿ ಇರಲಿಲ್ಲ. ಆದರೆ ಪಟ್ಟಿ ಕಟ್ಟಿದ್ದ ಕಡೆ ಕೂದಲು ಸವೆದ ಗೆರೆಯಿತ್ತು, ಉಗುರುಗಳನ್ನು ಯಾರೋ ಒಪ್ಪವಾಗಿ ಕತ್ತರಿಸಿದ್ದರು, ಮೇಲಾಗಿ ಅದು ನೆಟ್ಟಗೆ ಲಿಫ್ಟಿನ ಮುಂದೆ ಹೋಗಿ ಬಾಗಿಲು ತೆರೆಯಲೆಂದು ಕಾದು ನಿಂತಿತು. ಅದರ ಫೋಟೋ ಮೊಬೈಲುಗಳಲ್ಲಿ ಕಲ್ಯಾಣ, ಠಾಣೆಯವರೆಗೂ ಸುತ್ತಿ ಬಂದರೂ ಕೊನೆಗೆ ಗುರುತು ಹಿಡಿದವನು ಪಕ್ಕದ ಗಲ್ಲಿಗಳಲ್ಲಿ ಮನೆ ಮನೆಗೆ ಇಸ್ತ್ರಿ ಬಟ್ಟೆ ತಲುಪಿಸುವ ಹುಡುಗ. ಮೊದಲು ವಿಚಾರಿಸಬೇಕಾದದ್ದು ಇಂಥವರನ್ನೇ: ಇಸ್ತ್ರಿಯವರು, ಹಾಲು ಹಾಕುವವರು, ರಾತ್ರಿ ಪಾಳಿಯ ವಾಚ್‌ಮನ್‌ಗಳು, ಹತ್ತಿರದ ಪಶುವೈದ್ಯರು. ಬೆಕ್ಕಾದರಂತೂ ಬಹುಮಟ್ಟಿಗೆ ತನ್ನ ಕಟ್ಟಡದ ಆಸುಪಾಸಿನಲ್ಲೇ ಅಡಗಿರುತ್ತದೆ. ಕಿವಿಯ ತುದಿ ಕತ್ತರಿಸಿದ ಗುರುತಿರುವ ನಾಯಿ ಸಾಮಾನ್ಯವಾಗಿ ಸಂತಾನಹರಣ ಶಸ್ತ್ರಚಿಕಿತ್ಸೆಯಾದ ಅಲ್ಲಿಯದೇ ಬೀದಿನಾಯಿ, ಅದನ್ನು ಕದಲಿಸಬಾರದು.

ಕಾನೂನಿನ ದೃಷ್ಟಿಯಲ್ಲಿ ಸಾಕುಪ್ರಾಣಿ ಒಬ್ಬರ ಸ್ವತ್ತು. ಸಿಕ್ಕ ಸ್ವತ್ತನ್ನು ವಶಕ್ಕೆ ತೆಗೆದುಕೊಂಡವರು, ಮಾಲೀಕರೇ ನಂಬಿ ಅದನ್ನು ಒಪ್ಪಿಸಿದ್ದರೆ ಇರುತ್ತಿದ್ದ ಹೊಣೆಯನ್ನೇ ಹೊರಬೇಕು ಎಂದು 1872ರ ಭಾರತೀಯ ಕರಾರು ಕಾಯ್ದೆಯ 71ನೇ ಕಲಮು ಹೇಳುತ್ತದೆ. ಹುಡುಕಾಟಕ್ಕೂ ಆರೈಕೆಗೂ ಮಾಡಿದ ಖರ್ಚು ಕೈಸೇರುವವರೆಗೆ ಅದನ್ನು ತಡೆದಿಟ್ಟುಕೊಳ್ಳುವ ಹಕ್ಕನ್ನು 168ನೇ ಕಲಮು ಕೊಡುತ್ತದೆಯೇ ಹೊರತು ಮನಸ್ಸಿಗೆ ಬಂದವರಿಗೆ ದಾನ ಮಾಡುವ ಹಕ್ಕನ್ನಲ್ಲ.

ಹಾಗೆಂದು ಕೇಳಿ ಬಂದವರಿಗೆಲ್ಲ ಒಪ್ಪಿಸುವಂತೆಯೂ ಇಲ್ಲ. ತಳಿನಾಯಿಗಳನ್ನು ಮಾರಲೆಂದೇ ಸುಳ್ಳು ಹೇಳಿ ಒಯ್ಯುವವರಿರಬಹುದು. ಹೊಟ್ಟೆಯ ಕೆಳಗಿನ ಮಚ್ಚೆಯಂಥ ಒಂದು ಗುರುತನ್ನು ಪ್ರಕಟಣೆಯಲ್ಲಿ ಹೇಳದೆ ಉಳಿಸಿಕೊಂಡು, ಬಂದವರ ಬಾಯಿಂದಲೇ ಅದನ್ನು ಕೇಳಬೇಕು. ಲಸಿಕೆಯ ಪುಸ್ತಕವನ್ನೂ ಹಳೆಯ ಫೋಟೋಗಳನ್ನೂ ನೋಡಬೇಕು.

ಹೆಗಲ ಮೂಳೆಗಳ ನಡುವೆ ಚರ್ಮದಡಿ ಸೇರಿಸುವ, ಅಕ್ಕಿಕಾಳಿನಷ್ಟು ಚಿಕ್ಕ ಮೈಕ್ರೋಚಿಪ್ ಇದ್ದರೆ ಪಶುವೈದ್ಯರ ಸ್ಕ್ಯಾನರ್ ಅದರ 15 ಅಂಕಿಗಳ ಸಂಖ್ಯೆಯನ್ನು ಓದಬಲ್ಲದು. ಅದು ನಾಯಿ ಎಲ್ಲಿದೆಯೆಂದು ತೋರಿಸುವ ಸಾಧನವಲ್ಲ. ಮನೆಯನ್ನೋ ಫೋನನ್ನೋ ಬದಲಿಸಿದವರು ಆ ಸಂಖ್ಯೆಯ ಜೊತೆ ನೋಂದಾಯಿಸಿದ ತಮ್ಮ ವಿವರಗಳನ್ನೂ ತಿದ್ದಿಸದಿದ್ದರೆ ಚಿಪ್ ಇದ್ದೂ ಪ್ರಯೋಜನವಿಲ್ಲ. ಎಲ್ಲ ಪಶುವೈದ್ಯರೂ ಸ್ಕ್ಯಾನರ್ ಇಟ್ಟುಕೊಂಡು, ಸಿಕ್ಕ ಪ್ರಾಣಿಯನ್ನು ತಂದವರಿಗೆ ಉಚಿತವಾಗಿ ಪರೀಕ್ಷಿಸಿ ಕೊಡಬೇಕೆಂದು ಕೋರುತ್ತೇನೆ.

ಗೋಡೆ ಅಂದಗೆಡುತ್ತದೆಂಬ ಕಾರಣಕ್ಕೆ ಅನೇಕ ಹೌಸಿಂಗ್ ಸೊಸೈಟಿಗಳು ಸಾಕುಪ್ರಾಣಿ ಸಿಕ್ಕಿದೆಯೆಂದು ತಿಳಿಸುವ ಚೀಟಿಗಳನ್ನು ಅಂಟಿಸಲು ಬಿಡುವುದಿಲ್ಲ. ಅವುಗಳ ಪದಾಧಿಕಾರಿಗಳಲ್ಲಿ ನಮ್ಮ ಕನ್ನಡಿಗರೂ ಸಾಕಷ್ಟು ಮಂದಿಯಿದ್ದಾರೆ. ಮರಾಠಿ, ಹಿಂದಿಯಲ್ಲಿ ಬರೆದ ಒಂದು ಚೀಟಿಗೆ ಸೂಚನಾಫಲಕದಲ್ಲಿ ಹದಿನೈದು ದಿನ ಜಾಗ ಕೊಡುವ ನಿರ್ಣಯವನ್ನು ಅವರು ಮುಂದಿನ ಸಭೆಯಲ್ಲೇ ಮಾಡಬಹುದು.

ಇತಿ,
ಓದುಗರೊಬ್ಬರು
ಡೊಂಬಿವಲಿ ಪೂರ್ವ