5 ಲೀಟರ್ ಕ್ಯಾನ್ ನಿಲ್ಲಿಸುತ್ತಿದ್ದೇವೆ, ಕಂಡಿಷನರ್ ತೆಳ್ಳಗಾಗಿದೆ

ಪ್ರಿಯ ಗ್ರಾಹಕರೇ,

ನಮಸ್ಕಾರ. ಮುಂದಿನ ತಿಂಗಳಿಂದ ಒಗೆದ ಬಟ್ಟೆ ಮೆತ್ತಗಾಗಲು ಹಾಕುವ ನಮ್ಮ ಕಂಡಿಷನರ್ 5 ಲೀಟರ್ ಕ್ಯಾನಿನಲ್ಲಿ ಸಿಗುವುದಿಲ್ಲ, 1 ಲೀಟರ್ ಬಾಟಲಿ ಮಾತ್ರ. ನೋಡಲು ಮೊದಲಿಗಿಂತ ತೆಳ್ಳಗೂ ಇರುತ್ತದೆ. "ಈ ಹೆಂಗಸರೂ ನೀರು ಬೆರೆಸೋಕೆ ಶುರು ಮಾಡಿದ್ರು" ಅಂತ ನೀವು ಅನ್ನುವ ಮುಂಚೆ ನಾವೇ ಹೇಳಿಬಿಡುತ್ತೇವೆ.

ಹೋದ ಬೇಸಿಗೆಯಲ್ಲಿ ಪುಣೆಯ ಕೋಥ್ರೂಡ್, ಸಿಂಹಗಡ್ ರೋಡ್ ಕಡೆಯಿಂದ ಸಾಲು ಸಾಲು ಫೋನ್ ಬಂದವು. ಕ್ಯಾನಿನಲ್ಲಿದ್ದದ್ದು ಗಂಜಿಯಾಗಿದೆ, ಬಗ್ಗಿಸಿದರೆ ದೊಪ್ಪಂತ ಬೀಳುತ್ತದೆ ಅಂತ. "ನೀರು ಹಾಕಿ ಕುಲುಕಿ" ಅಂದೆವು. ಅದು ತಪ್ಪು ಸಲಹೆ. ಅದಕ್ಕಿಂತ ಹಳೆಯ ತಪ್ಪು ಇನ್ನೊಂದಿದೆ. "ನಿಮ್ಮದು ಎಷ್ಟು ಗಟ್ಟಿ!" ಅಂತ ಯಾರಾದರೂ ಹೊಗಳಿದರೆ ನಾವು ಹಿಗ್ಗುತ್ತಿದ್ದೆವು. ಗಟ್ಟಿಯಾದಷ್ಟೂ ಸತ್ವ ಅನ್ನುವ ಲೆಕ್ಕ ಹಾಲಿಗೆ ಸರಿ, ಕಂಡಿಷನರಿಗೆ ಅಲ್ಲ.

ಇದರಲ್ಲಿ ಬಹುಪಾಲು ನೀರೇ. ಬಟ್ಟೆಯನ್ನು ಮೆತ್ತಗೆ ಮಾಡುವುದು ಎಸ್ಟರ್‌ಕ್ವಾಟ್ ಅನ್ನುವ ಪದಾರ್ಥ. ತಾಳೆ ಎಣ್ಣೆಯಂಥ ಕೊಬ್ಬಿನಿಂದ ಮಾಡುತ್ತಾರೆ. ಅದು ಸಕ್ಕರೆಯ ಹಾಗೆ ಕರಗುವುದಿಲ್ಲ. ಕಣ್ಣಿಗೆ ಕಾಣದಷ್ಟು ಸಣ್ಣ ಗುಳ್ಳೆಗಳಾಗಿ ತೇಲುತ್ತಿರುತ್ತದೆ. ಒಂದೊಂದು ಗುಳ್ಳೆಯ ಹೊಟ್ಟೆಯಲ್ಲೂ ಒಂದಿಷ್ಟು ನೀರು. ಗುಳ್ಳೆ ಉಬ್ಬಿದರೆ, ಒಂದಕ್ಕೊಂದು ಅಂಟಿಕೊಂಡರೆ, ಹೊರಗಿನ ನೀರಿಗೆ ಹರಿಯಲು ಜಾಗ ಉಳಿಯುವುದಿಲ್ಲ. ಆಗ ಗಟ್ಟಿ. ಒಳಗಿನ ಸರಕು ಅಷ್ಟೇ ಇರುತ್ತದೆ.

ಪುಣೆಯ ಜನವರಿ ಬೆಳಗಿಗೆ ಕೊಬ್ಬರಿ ಎಣ್ಣೆ ಹೆಪ್ಪುಗಟ್ಟುತ್ತದಲ್ವಾ, ಚಳಿಗೆ ಇದೂ ಹಾಗೇ ಬಿಗಿಯಾಗುತ್ತದೆ. ಬೆಚ್ಚಗಾದರೆ ಸಾಮಾನ್ಯವಾಗಿ ಸರಿಹೋಗುತ್ತದೆ. ಬಿಸಿಲಿನ ಪೆಟ್ಟು ಬೇರೆ. ಮೇ ತಿಂಗಳಲ್ಲಿ ತಗಡಿನ ಕೆಳಗೆ ವಾರಗಟ್ಟಲೆ ಇಟ್ಟರೆ ಎಸ್ಟರ್‌ಕ್ವಾಟೇ ಮುರಿದು ಕೊಬ್ಬಿನ ಆಮ್ಲ ಬೇರೆಯಾಗುತ್ತದೆ. ಅದನ್ನು ಕುಲುಕಿದರೂ ಅಷ್ಟೇ, ಬಿಟ್ಟರೂ ಅಷ್ಟೇ. ನಮ್ಮ ಗೋಡೌನಿನ ಮೇಲಿರುವುದೂ ತಗಡೇ, ಹಾಗಾಗಿ ತಪ್ಪೆಲ್ಲ ನಿಮ್ಮ ಬಾಲ್ಕನಿಯದಲ್ಲ. ಈಗ ಸರಕನ್ನು ಒಳಕೋಣೆಗೆ ಸಾಗಿಸಿದ್ದೇವೆ. ಇನ್ನು 5 ಲೀಟರ್ ಖಾಲಿಯಾಗಲು ಚಿಕ್ಕ ಸಂಸಾರಕ್ಕೆ ತಿಂಗಳುಗಳೇ ಬೇಕು. ಸಡಿಲ ಮುಚ್ಚಳದಿಂದ ನೀರು ಆರುತ್ತಲೇ ಇರುತ್ತದೆ. ಕ್ಯಾನ್ ನಿಲ್ಲಿಸಲು ಕಾರಣ ಇದು.

ತೆಳ್ಳಗಾಗಿದ್ದು ಹೇಗೆ ಅಂದರೆ, ಕ್ಯಾಲ್ಸಿಯಂ ಕ್ಲೋರೈಡ್ ಅನ್ನುವ ಉಪ್ಪನ್ನು ಚಿಟಿಕೆಯಷ್ಟು ಹೆಚ್ಚಿಸಿದ್ದೇವೆ. ಕೋಸಂಬರಿಗೆ ಹೆಚ್ಚಿದ ಸೌತೆಕಾಯಿಗೆ ಉಪ್ಪು ಹಾಕಿದರೆ ನೀರು ಬಿಡುತ್ತದೆ ನೋಡಿ, ಗುಳ್ಳೆಗಳೂ ಹಾಗೇ ಒಳಗಿನ ನೀರು ಬಿಟ್ಟು ಸಣ್ಣಗಾಗುತ್ತವೆ. ಎಸ್ಟರ್‌ಕ್ವಾಟ್ ಒಂದು ಗ್ರಾಮೂ ಕಡಿಮೆ ಮಾಡಿಲ್ಲ.

ಮನೆಯಲ್ಲಿ ಹಳೆಯ ಕ್ಯಾನ್ ಇದ್ದರೆ ಉಗುರುಬೆಚ್ಚಗಿನ ನೀರಿನ ಬಕೆಟ್‌ನಲ್ಲಿ ಅರ್ಧ ಗಂಟೆ ನಿಲ್ಲಿಸಿ, ಮೆಲ್ಲಗೆ ಮೇಲೆ ಕೆಳಗೆ ಮಾಡಿ. ಹರಿಯಿತು ಅಂದರೆ ಬಳಸಿ. ತುಸು ಗಟ್ಟಿ ಉಳಿದಿದ್ದರೆ ಆ ದಿನಕ್ಕೆ ಬೇಕಾದಷ್ಟನ್ನು ಮಾತ್ರ ಲೋಟದಲ್ಲಿ ಬೆಚ್ಚನೆ ನೀರಿಗೆ ಕದಡಿಕೊಳ್ಳಿ. ಕ್ಯಾನಿಗೇ ನೀರು ಸುರಿಯಬೇಡಿ. ಕೆಡದಂತೆ ಹಾಕಿದ ಪದಾರ್ಥದ ಬಲ ಕುಗ್ಗಿ ಒಳಗೆ ಕ್ರಿಮಿ ಬೆಳೆಯಬಹುದು. ಗಂಟು ಕರಗದಿದ್ದರೆ, ಹುಳಿ ವಾಸನೆ ಬಂದರೆ ವಾಪಸ್ ತನ್ನಿ. ಹೊಸ ಬಾಟಲಿ ಕೊಡುತ್ತೇವೆ, ಬಿಲ್ ಕೇಳುವುದಿಲ್ಲ.

ಸೋಪಿನ ಪುಡಿಯ ಜೊತೆ ಒಂದೇ ಸಲಕ್ಕೆ ಹಾಕುವವರಿದ್ದಾರೆ. ಎರಡೂ ಒಂದನ್ನೊಂದು ಹಿಡಿದುಕೊಂಡು ಒಡೆದ ಹಾಲಿನಂತಾಗಿ ಬಟ್ಟೆಗೆ ಮೆತ್ತಿಕೊಳ್ಳುತ್ತವೆ. ಕಂಡಿಷನರ್ ಹಾಕಬೇಕಾದ್ದು ಕೊನೆಯ ನೀರಿಗೆ. ಮಷಿನ್‌ನ ಟ್ರೇ ಕಟ್ಟಿದ್ದರೆ ಹೊರಗೆಳೆದು ಬಿಸಿನೀರಿನಲ್ಲಿ ಉಜ್ಜಿ. ಜಿಡ್ಡಿನ ಕಲೆ ಬಿದ್ದ ಬಟ್ಟೆಯನ್ನು ಒದ್ದೆ ಮಾಡಿ, ಬಾರ್ ಸೋಪು ತಿಕ್ಕಿ ಮತ್ತೆ ಒಗೆಯಿರಿ. ಟವೆಲಿಗಂತೂ ಬೇಡವೇ ಬೇಡ, ನೀರು ಹೀರುವುದು ಕಡಿಮೆಯಾಗುತ್ತದೆ. ಮಾರುವವರೇ ಹೀಗೆ ಹೇಳಬಾರದು, ಆದರೂ.

ಬಾಟಲಿಯ ಬೆಲೆ 110 ರೂಪಾಯಿ. ಕ್ಯಾನಿನ ಲೆಕ್ಕಕ್ಕೆ ಲೀಟರಿಗೆ 10 ರೂಪಾಯಿ ಜಾಸ್ತಿ, ಅದು ಬಾಟಲಿಯದ್ದು. ಖಾಲಿ ಬಾಟಲಿ ತಂದರೆ ಆ 10 ರೂಪಾಯಿ ವಾಪಸ್. ತೊಳೆದು ತರಬೇಕಿಲ್ಲ, ತೊಳೆಯುವುದು ನಮ್ಮ ಕೆಲಸ.

ಇಂತಿ,
ನಿಮ್ಮ ಘಟಕದ ಹೆಂಗಸರು, ಪುಣೆ