ನೆವೇಯಾ: ತಿರುಗಿಸಿ ಓದಿದರೆ ಮಾತ್ರ ಅರ್ಥ

ಮಾನ್ಯ ಸಂಪಾದಕರೇ,

ಅನೂರಾಧಾ ನಕ್ಷತ್ರದ ನಾಲ್ಕನೇ ಪಾದದಲ್ಲಿ ಹುಟ್ಟಿದ ಮಗುವಿಗೆ ‘ನೇ’ ಅಕ್ಷರ ಬರುತ್ತದೆ. ಹೆಣ್ಣುಮಗುವಾದರೆ ನೇತ್ರಾವತಿ, ನೇತ್ರಾ, ನೇಹಾ ಎನ್ನುವಷ್ಟರಲ್ಲಿ ನೆನಪಿನ ಪಟ್ಟಿ ಮುಗಿದಿರುತ್ತದೆ. ಆಮೇಲೆ ಮೊಬೈಲ್‌ನಲ್ಲಿ ಹುಡುಕಾಟ. ಅಲ್ಲಿ ಕಣ್ಣಿಗೆ ಬೀಳುವ ಹೆಸರುಗಳಲ್ಲಿ ‘ನೆವೇಯಾ’ ಒಂದು. ಮಗಳೋ ಸೊಸೆಯೋ ಅಮೆರಿಕದಲ್ಲಿರುವ ಮನೆಗಳಿಗಾದರೆ ಹೆಸರು ಅಲ್ಲಿಂದಲೇ ಫೋನಿನಲ್ಲಿ ಬರುತ್ತದೆ. ತುಮಕೂರಿನಲ್ಲಿ ಕೂತ ಅಜ್ಜಿ ತಾತ ಅದನ್ನು ತೊಟ್ಟಿಲು ಶಾಸ್ತ್ರದ ಕಾರ್ಡಿನಲ್ಲಿ ಕನ್ನಡದಲ್ಲಿ ಹೇಗೆ ಬರೆಸಬೇಕೆಂದು ತಡಕಾಡಬೇಕಾಗುತ್ತದೆ. ಹೆಸರು ಚೆಂದವಾಗಿದೆ, ಇಡಬೇಡಿ ಎನ್ನಲು ಈ ಪತ್ರವಲ್ಲ. ಆದರೆ ಆ ಹೆಸರಿನ ಅರ್ಥ ಎಲ್ಲಿ ಕೂತಿದೆ ಎಂದು ತಿಳಿಯದೆ ಇಟ್ಟರೆ, ಕನ್ನಡಕ್ಕೆ ಬರುವ ದಾರಿಯಲ್ಲೇ ಅರ್ಥ ಸೋರಿಹೋಗಿ ತೊಡಕು ಮಾತ್ರ ಕೈಗೆ ಸಿಗುತ್ತದೆ.

ಇದು ಹಳೆಯ ಹೆಸರಲ್ಲ. ಇಂಗ್ಲಿಷಿನಲ್ಲಿ ಸ್ವರ್ಗಕ್ಕೆ ‘ಹೆವನ್’ ಎನ್ನುತ್ತಾರಲ್ಲ, ಆ ಪದದ ಆರು ಅಕ್ಷರಗಳನ್ನು ಹಿಂದುಮುಂದಾಗಿ ಬರೆದು ಮಾಡಿದ್ದು. 1999ರಲ್ಲಿ ಅಮೆರಿಕದಲ್ಲಿ ಹುಟ್ಟಿದ ಮಕ್ಕಳಲ್ಲಿ ಈ ಹೆಸರು ಪಡೆದವರು ಎಂಟೇ ಮಂದಿ. 2000ದಲ್ಲಿ ಪಿ.ಓ.ಡಿ. ಎಂಬ ಕ್ರೈಸ್ತ ರಾಕ್ ತಂಡದ ಗಾಯಕ ಸನ್ನಿ ಸ್ಯಾಂಡೊವಾಲ್ ಎಂ.ಟಿ.ವಿ.ಯ ಒಂದು ಕಾರ್ಯಕ್ರಮದಲ್ಲಿ ತನ್ನ ಪುಟ್ಟ ಮಗಳನ್ನು ತೋರಿಸಿ, ಅವಳ ಹೆಸರು ‘ಹೆವನ್’ ಪದದ ತಿರುಗುಮುರುಗು ಎಂದು ಹೇಳಿದ. ಮರುವರ್ಷವೇ ಹೆಸರು ಅಲ್ಲಿನ ಹೆಣ್ಣುಮಕ್ಕಳ ಹೆಸರುಗಳ ಮೊದಲ ಸಾವಿರದೊಳಗೆ ನುಗ್ಗಿ 266ನೇ ಸ್ಥಾನಕ್ಕೆ ಬಂತು. 2005ರಲ್ಲಿ 70, 2010ರಲ್ಲಿ 25. ಈ ಸ್ಥಾನಗಳು ಯಾರದೋ ಅಂದಾಜಲ್ಲ. ಅಮೆರಿಕದ ಸೋಷಿಯಲ್ ಸೆಕ್ಯುರಿಟಿ ಇಲಾಖೆ ಮಕ್ಕಳ ಕಾರ್ಡಿಗೆ ಬಂದ ಅರ್ಜಿಗಳಿಂದಲೇ ಹೆಸರುಗಳನ್ನು ಎಣಿಸಿ ಪ್ರತಿವರ್ಷ ಪಟ್ಟಿ ಪ್ರಕಟಿಸುತ್ತದೆ, 1880ರಷ್ಟು ಹಿಂದಿನಿಂದಲೂ ಲೆಕ್ಕ ಸಿಗುತ್ತದೆ. ಆದ್ದರಿಂದ ‘ನೆವೇಯಾ ಸಂಸ್ಕೃತದ ಹೆಸರು’ ಎಂದೋ ‘ಪುರಾತನ ಐರಿಷ್ ಹೆಸರು’ ಎಂದೋ ಯಾವುದಾದರೂ ಪಟ್ಟಿ ಹೇಳಿದರೆ ನಂಬಬೇಡಿ. ಐರಿಷ್‌ನಲ್ಲಿ ಇರುವುದು ‘ನೀವ್’ ಎಂಬ ಬೇರೆಯೇ ಹೆಸರು, ಅದರ ಅರ್ಥ ಹೊಳಪು.

ಗಮನಿಸಬೇಕಾದ್ದು ಇಲ್ಲಿದೆ. ಈ ಹೆಸರಿನ ಅರ್ಥ ಉಚ್ಚಾರದಲ್ಲಿಲ್ಲ, ಬರವಣಿಗೆಯಲ್ಲಿದೆ. ಎಚ್-ಇ-ಎ-ವಿ-ಇ-ಎನ್ ತಿರುಗಿದರೆ ಎನ್-ಇ-ವಿ-ಎ-ಇ-ಎಚ್. ಹೇಳುವಾಗ ಕೊನೆಯ ಎಚ್ ಕೇಳಿಸುವುದೇ ಇಲ್ಲ, ನಡುವಿನ ಎ-ಇ ಜೋಡಿ ‘ಏ’ ಎಂದು ಎಳೆಯುತ್ತದೆ, ಒತ್ತು ‘ವೇ’ ಮೇಲೆ ಬೀಳುತ್ತದೆ. ಕಿವಿಗೆ ಎಲ್ಲಿಯೂ ‘ಹೆವನ್’ ಸುಳಿಯದು. ಹಾಗಾಗಿ ಒಂದೇ ಒಂದು ಅಕ್ಷರ ಪಲ್ಲಟವಾದರೂ ಹೆಸರಿನ ಜೀವ ಹೋಗುತ್ತದೆ. ಆಗಾಗ ಆಗುವ ತಪ್ಪು ಎ ಮತ್ತು ಇ ಅದಲುಬದಲಾಗುವುದು. ಉಚ್ಚಾರದಲ್ಲಿ ವ್ಯತ್ಯಾಸ ಗೊತ್ತಾಗುವುದಿಲ್ಲ, ತಿರುಗಿಸಿದಾಗ ಮಾತ್ರ ‘ಹೆವನ್’ ಬದಲು ಅರ್ಥವಿಲ್ಲದ ಇನ್ನೇನೋ ಬರುತ್ತದೆ. ಸಂಖ್ಯಾಶಾಸ್ತ್ರದವರು ಇನ್ನೊಂದು ಎ ಸೇರಿಸಿ, ವಿ ಎರಡು ಮಾಡಿ ಎಂದರೆ ಈ ಹೆಸರಿನ ಮಟ್ಟಿಗಾದರೂ ಒಪ್ಪಬಾರದು. ವಿದ್ಯಾ, ಕಾವ್ಯಾ ಮುಂತಾದ ಹೆಸರುಗಳಿಗೆ ಇಂಗ್ಲಿಷಿನಲ್ಲಿ ಒಂದು ಅಕ್ಷರ ಹೆಚ್ಚಾದರೂ ಅರ್ಥ ಎಲ್ಲಿಗೂ ಹೋಗುವುದಿಲ್ಲ. ಇದಕ್ಕೆ ಕಾಗುಣಿತ ಬಿಟ್ಟರೆ ಬೇರೆ ಅರ್ಥವೇ ಇಲ್ಲ.

ಕನ್ನಡಕ್ಕೆ ಬಂದರೆ ಕಷ್ಟ ಇನ್ನೂ ಆಳದ್ದು. ನಮ್ಮ ಲಿಪಿಯಲ್ಲಿ ಸ್ವರ ವ್ಯಂಜನದ ಜೊತೆ ಗುಣಿತವಾಗಿ ಅಂಟಿಕೊಂಡಿರುತ್ತದೆ. ತಿರುಗಿಸುವಾಗ ಇಡೀ ಅಕ್ಷರವೇ ತಿರುಗುತ್ತದೆ, ತಲೆಕಟ್ಟು ಒಂದು ಕಡೆ ಒತ್ತು ಒಂದು ಕಡೆ ಹೋಗುವುದಿಲ್ಲ. ‘ನೆವೇಯಾ’ವನ್ನು ತಿರುಗಿಸಿದರೆ ‘ಯಾವೇನೆ’. ಸ್ವರ್ಗವನ್ನೇ ತಿರುಗಿಸೋಣವೆಂದರೆ ‘ರ್ಗಸ್ವ’ ಆಗುತ್ತದೆ, ಹಾಗೆ ಶುರುವಾಗುವ ಪದ ನಮ್ಮ ನಾಲಿಗೆಗೆ ಹೊರಳದು. ನಾಕ ಎಂದರೂ ಸ್ವರ್ಗವೇ. ಅದು ‘ಕನಾ’ ಆಗಿ ಸುಮ್ಮನಾಗುತ್ತದೆ.

ಹಾಗೆಂದು ತಿರುಗಿಸುವ ಆಟ ನಮಗೆ ಹೊಸದೇನಲ್ಲ. ಬೇಡನ ಬಾಯಲ್ಲಿ ‘ಮರಾ ಮರಾ’ ಎಂಬ ಜಪ ‘ರಾಮ ರಾಮ’ ಆದ ಕಥೆಯನ್ನು ಕೇಳದ ಮನೆಯಿಲ್ಲ. ವಿಕಟಕವಿ ಎಂಬ ಪದ ಶಾಲೆಯ ಮಕ್ಕಳಿಗೂ ಗೊತ್ತು. ಹೆಸರಿನೊಳಗೆ ಇನ್ನೊಂದು ಹೆಸರನ್ನು ಅಡಗಿಸಿಡಬೇಕೆಂಬ ಆಸೆ ಇರುವವರಿಗೆ ‘ಧಾರಾ’ ಇದೆ: ತಿರುಗಿಸಿ, ರಾಧಾ. ಎತ್ತ ಓದಿದರೂ ಒಂದೇ ಆಗಿರಬೇಕೆಂದರೆ ಕನಕ, ಜಲಜ, ನಯನ, ಸರಸ ಇವೆ. ಆದರೆ ಕೊನೆಯಲ್ಲಿ ದೀರ್ಘ ಹಾಕಿ ‘ನಯನಾ’, ‘ಜಲಜಾ’ ಎಂದು ಬರೆಸಿದರೆ ಕನ್ನಡಿ ಒಡೆದ ಹಾಗೆ. ಸ್ವರ್ಗದ ಅರ್ಥವೇ ಬೇಕು, ಆಟ ಬೇಡ ಎನ್ನುವವರಿಗೆ ದಿವಿಜಾ, ದಿವ್ಯಾ ಸುಲಭವಾಗಿ ಸಿಗುತ್ತವೆ.

ಕನ್ನಡದ ಕಿವಿಗೆ ‘ನೆವೇಯಾ’ ಹೇಗೆ ಕೇಳುತ್ತದೆ ಎಂಬುದನ್ನೂ ಯೋಚಿಸಬೇಕು. ನೆವ ಎಂದರೆ ನಮ್ಮಲ್ಲಿ ನೆಪ, ಸಬೂಬು. ‘ನೆವ ಹೇಳಬೇಡ’ ಎನ್ನುವ ಮನೆಯಲ್ಲೇ ಮಗುವನ್ನು ಮೊಟಕಾಗಿ ‘ನೆವ’ ಎಂದು ಕರೆಯಲು ಶುರುಮಾಡಿದರೆ ಶಾಲೆಯಲ್ಲಿ ಜೊತೆಯ ಮಕ್ಕಳು ಬಿಡುವುದಿಲ್ಲ. ಬರೆಯುವಾಗ ‘ನೆವೇಯ’ ಎಂದು ಹ್ರಸ್ವದಲ್ಲಿ ನಿಲ್ಲಿಸಿದರೆ ಹಾಜರಿ ಪುಸ್ತಕದಲ್ಲಿ ಅದು ‘ನೇವಯ್ಯ’ ಆಗಿ ಗಂಡುಹುಡುಗನ ಹೆಸರಾಗುವ ಅಪಾಯವಿದೆ. ಕೊನೆಗೆ ‘ಯಾ’ ದೀರ್ಘವೇ ಇರಲಿ. ಇಂಗ್ಲಿಷಿನ ಎಚ್ ನೋಡಿ ‘ನೆವೇಹ್’ ಎಂದು ಬರೆಯುವುದೂ ತಪ್ಪು.

ಅಮೆರಿಕದ ಎಲ್ಲ ಹೊಸ ಹೆಸರುಗಳೂ ಹೀಗೆಯೇ ಎಂದಲ್ಲ. ಮ್ಯಾಡಿಸನ್ ಮೂಲದಲ್ಲಿ ‘ಇಂಥವರ ಮಗ’ ಎಂಬ ಅರ್ಥದ ಮನೆತನದ ಹೆಸರು. 1984ರ ‘ಸ್ಪ್ಲಾಶ್’ ಸಿನಿಮಾದಲ್ಲಿ ಮತ್ಸ್ಯಕನ್ಯೆಯೊಬ್ಬಳು ನ್ಯೂಯಾರ್ಕಿನ ಬೀದಿಯ ಫಲಕ ನೋಡಿ ಅದನ್ನು ತನ್ನ ಹೆಸರಾಗಿಸಿಕೊಂಡ ಮೇಲೆ ಹೆಣ್ಣುಮಕ್ಕಳಿಗೆ ಹಬ್ಬಿ, 2001ರ ಹೊತ್ತಿಗೆ ಎರಡನೇ ಸ್ಥಾನಕ್ಕೇರಿತು. ಬ್ರೂಕ್ಲಿನ್ ಊರ ಹೆಸರು. ನಮ್ಮ ಸಿದ್ಧಗಂಗೆಯಿಂದ ಸಿದ್ಧಗಂಗಮ್ಮ ಆದ ಹಾಗೆ ಎಂದುಕೊಂಡರೆ ಅದರಲ್ಲಿ ಅಚ್ಚರಿಯಿಲ್ಲ. ಇಂಥ ಹೆಸರುಗಳನ್ನು ಯಾವ ಲಿಪಿಯಲ್ಲಿ ಬರೆದರೂ ಕಥೆ ಜೊತೆಗೇ ಬರುತ್ತದೆ. ನೆವೇಯಾ ಹಾಗಲ್ಲ.

ಇಷ್ಟೆಲ್ಲ ತಿಳಿದೂ ಇದೇ ಹೆಸರು ಬೇಕೆಂದರೆ ಖಂಡಿತ ಇಡಿ, ಅವಸರ ಮಾತ್ರ ಬೇಡ. ಇಲ್ಲಿ ಹುಟ್ಟಿದ ಮಗುವಾದರೆ ಜನನದ ಮಾಹಿತಿ 21 ದಿನದೊಳಗೆ ನೋಂದಣಿಯಾಗಬೇಕು, ಆದರೆ ಹೆಸರು ಆಗಲೇ ಇರಬೇಕೆಂದಿಲ್ಲ. ಹೆಸರಿಲ್ಲದೆ ನೋಂದಣಿ ಮಾಡಿಸಿ, 12 ತಿಂಗಳೊಳಗೆ ಶುಲ್ಕವಿಲ್ಲದೆ ಸೇರಿಸಬಹುದು. ಆಮೇಲೂ 15 ವರ್ಷದವರೆಗೆ ತಡಶುಲ್ಕ ಕಟ್ಟಿ ಸೇರಿಸಲು ಅವಕಾಶವಿದೆ. ಆಸ್ಪತ್ರೆಯ ಮಂಚದ ಮೇಲೆ ಬಾಯಿಮಾತಿನಲ್ಲಿ ಹೆಸರು ಹೇಳಿ ಬರೆಸುವುದರಿಂದಲೇ ಇಂಥ ಹೆಸರುಗಳು ಕೆಡುವುದು. ಕೇಳಿಸಿಕೊಂಡವರು ಕೇಳಿಸಿದಂತೆ ಬರೆಯುತ್ತಾರೆ, ಅದು ಅವರ ತಪ್ಪಲ್ಲ. ಒಂದು ಚೀಟಿಯಲ್ಲಿ ಇಂಗ್ಲಿಷಿನ ದೊಡ್ಡಕ್ಷರಗಳಲ್ಲಿಯೂ ಕೆಳಗೆ ಕನ್ನಡದಲ್ಲಿಯೂ ಬಿಡಿಸಿ ಬರೆದು ಕೊಡಿ. 2023ರ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದವರಿಗೆ ಶಾಲೆ ಸೇರಲು, ಆಧಾರ್‌ಗೆ, ಪಾಸ್‌ಪೋರ್ಟಿಗೆ ಹುಟ್ಟಿದ ದಿನ ಮತ್ತು ಸ್ಥಳದ ದಾಖಲೆ ಜನನ ಪ್ರಮಾಣಪತ್ರವೇ. ಅಲ್ಲಿ ನುಸುಳಿದ ತಪ್ಪು ಮುಂದಿನ ಕಾಗದಗಳಿಗೂ ದಾಟುತ್ತದೆ.

ಪ್ರಮಾಣಪತ್ರ ಕೈಗೆ ಬಂದ ಕೂಡಲೇ, ಕೌಂಟರ್ ಬಿಟ್ಟು ಕದಲುವ ಮೊದಲು, ಇಂಗ್ಲಿಷಿನ ಹೆಸರನ್ನು ಬಲದಿಂದ ಎಡಕ್ಕೆ ಒಂದೊಂದೇ ಅಕ್ಷರದ ಮೇಲೆ ಬೆರಳಿಟ್ಟು ಓದಿ. ಎಚ್‌ನಲ್ಲಿ ಶುರುವಾಗಿ ಎನ್‌ನಲ್ಲಿ ‘ಹೆವನ್’ ಎಂದು ಮುಗಿದರೆ ಸರಿಯಾಗಿದೆ. ಇಲ್ಲದಿದ್ದರೆ ಅಲ್ಲೇ ತಿದ್ದುಪಡಿಗೆ ಬರೆದುಕೊಡಿ.

ಇಂತಿ,
ಕನ್ನಡ ಉಪನ್ಯಾಸಕರು, ತುಮಕೂರು